ಗಡುವು ಮೀರಿದ ಮೇಲ್ಮನವಿ: ಕಳೆದುಕೊಳ್ಳುವವರು ಯಾರು?

ನ್ಯಾಯಾಲಯದಲ್ಲಿ ಸೋತವರೆಲ್ಲರೂ ಸುಳ್ಳು ಹೇಳಿದವರಲ್ಲ, ಗೆದ್ದವರೆಲ್ಲರೂ ನಿಜವಾದ ಹಕ್ಕುದಾರರೂ ಅಲ್ಲ. ತೀರ್ಪು ನೀಡುವವರೂ ಮನುಷ್ಯರೇ ಆದುದರಿಂದ ಅವರಿಂದ ತಪ್ಪಾಗುವ ಸಾಧ್ಯತೆಯನ್ನು ಕಾನೂನೇ ಒಪ್ಪಿಕೊಂಡಿದೆ. ಆ ತಪ್ಪನ್ನು ತಿದ್ದುವುದಕ್ಕಾಗಿಯೇ ಮೇಲ್ಮನವಿ ಎಂಬ ಇನ್ನೊಂದು ಬಾಗಿಲನ್ನು ಅದು ತೆರೆದಿಟ್ಟಿದೆ. ಆದರೆ ಆ ಬಾಗಿಲು ಸದಾಕಾಲ ತೆರೆದಿರುವುದಿಲ್ಲ. ಅದಕ್ಕೊಂದು ಗಡುವು ಇದೆ, ಒಳಗೆ ಹೋಗುವುದಕ್ಕೊಂದು ಕ್ರಮವಿದೆ. ಗಡುವು ಮೀರಿದರೆ, ಕ್ರಮ ತಪ್ಪಿದರೆ ನಮ್ಮ ಹಕ್ಕು ನಿಜವೋ ಸುಳ್ಳೋ ಎಂಬ ಪ್ರಶ್ನೆಯನ್ನು ಯಾರೂ ಕೇಳುವುದೇ ಇಲ್ಲ. ಕಡತ ಅಲ್ಲಿಗೇ ಮುಚ್ಚಿಹೋಗುತ್ತದೆ. ಮನೆಗೆ ಮರಳಿದ ಕುಟುಂಬ ಮಾತ್ರ, “ಕೋರ್ಟಿನಲ್ಲೂ ನಮಗೆ ನ್ಯಾಯ ಸಿಗಲಿಲ್ಲ” ಎಂದು ವರ್ಷಗಟ್ಟಲೆ ಹೇಳುತ್ತಿರುತ್ತದೆ.

ಆಳಂದ, ಅಫಜಲಪುರ, ಜೇವರ್ಗಿ ತಾಲೂಕುಗಳಲ್ಲಿ ಈ ವಿಷಯಕ್ಕೆ ವಿಶೇಷ ಮಹತ್ವವಿದೆ. ತೊಗರಿ ಬೆಳೆಯುವ ಎರೆ ಭೂಮಿಯೇ ಇಲ್ಲಿನ ಕುಟುಂಬಗಳ ಆಸ್ತಿ. ಮನೆಯ ಗಂಡಸರು ದುಡಿಮೆಗಾಗಿ ಪುಣೆ, ಮುಂಬೈ, ಬೆಂಗಳೂರುಗಳಲ್ಲಿರುವುದೂ ಸಾಮಾನ್ಯ. ಆಳಂದ ಮತ್ತು ಜೇವರ್ಗಿಗಳಿಂದ ಜಿಲ್ಲಾ ಕೇಂದ್ರವು ಸುಮಾರು 40 ಕಿ.ಮೀ., ಅಫಜಲಪುರದಿಂದ ಇನ್ನೂ ದೂರ. 2008ರ ಜುಲೈಯಲ್ಲಿ ಗುಲ್ಬರ್ಗಾದಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಆರಂಭವಾಗುವ ತನಕ ಹೈಕೋರ್ಟಿಗೆ ಮೇಲ್ಮನವಿ ಎಂದರೆ ಬೆಂಗಳೂರಿನ ಪ್ರಯಾಣವೇ ಆಗಿತ್ತು. 2013ರಲ್ಲಿ ಆ ಪೀಠ ಕಾಯಂ ಆಯಿತು. ದೂರ ಕಡಿಮೆಯಾಯಿತು, ಆದರೆ ಗಡುವಿನ ಕುರಿತಾದ ನಮ್ಮ ಅಜ್ಞಾನ ಕಡಿಮೆಯಾಗಲಿಲ್ಲ.

ವಿಚಿತ್ರವೆಂದರೆ, ನ್ಯಾಯಾಲಯದ ಭಾಷೆ ನಮಗೆ ಅಪರಿಚಿತವೇನಲ್ಲ. ವಕೀಲ, ವಕಾಲತ್ತು, ದಾವೆ, ನಕಲು, ತಾರೀಖು, ಮುದ್ದತ್ತು, ವಾರಸುದಾರ - ಇವೆಲ್ಲವೂ ಅರಬಿ ಮೂಲದಿಂದ ಬಂದು ಕನ್ನಡದಲ್ಲಿ ನೆಲೆಸಿದ ಪದಗಳು. ಪದಗಳು ನಮ್ಮ ನಾಲಿಗೆಯ ಮೇಲಿವೆ. ಅವುಗಳ ಹಿಂದಿರುವ ಹೊಣೆಗಾರಿಕೆ ಮಾತ್ರ ನಮ್ಮ ಗಮನಕ್ಕೆ ಬಂದಿಲ್ಲ.

ಮೊದಲನೆಯದು ಮುದ್ದತ್ತು. 1963ರ ಕಾಲಮಿತಿ ಕಾಯ್ದೆಯ ಪ್ರಕಾರ ಸಿವಿಲ್ ತೀರ್ಪಿನ ವಿರುದ್ಧ ಹೈಕೋರ್ಟಿಗೆ ಹೋಗಲು 90 ದಿನಗಳು, ಅದಕ್ಕಿಂತ ಕೆಳಗಿನ ಮೇಲ್ಮನವಿ ನ್ಯಾಯಾಲಯಕ್ಕೆ ಹೋಗಲು ಕೇವಲ 30 ದಿನಗಳು. ತಾಲೂಕಿನ ಸಿವಿಲ್ ನ್ಯಾಯಾಲಯದಲ್ಲಿ ಸೋತ ಸಾಮಾನ್ಯ ಕುಟುಂಬಕ್ಕೆ ಹೆಚ್ಚಾಗಿ ಅನ್ವಯಿಸುವುದು ಈ 30 ದಿನಗಳ ಗಡುವೇ. ತೀರ್ಪು ಬಂದ ಮೇಲೆ ಅಣ್ಣ-ತಮ್ಮಂದಿರು ಕೂಡಿ ಮಾತನಾಡಬೇಕು, ಪುಣೆಯಲ್ಲಿರುವವನು ಬರಬೇಕು, ಹಣ ಹೊಂದಿಸಬೇಕು, ಬೇರೆ ವಕೀಲರನ್ನು ನೋಡಬೇಕು ಎನ್ನುವಷ್ಟರಲ್ಲಿ ಒಂದು ತಿಂಗಳು ಕಳೆದುಹೋಗಿರುತ್ತದೆ.

ಎರಡನೆಯದು ನಕಲು. ಮೇಲ್ಮನವಿಯ ಜೊತೆ ತೀರ್ಪಿನ ದೃಢೀಕೃತ ನಕಲನ್ನು ಇಡಬೇಕು. ನಕಲು ಪಡೆಯಲು ತಗಲುವ ದಿನಗಳನ್ನು ಗಡುವಿನಿಂದ ಕಳೆಯುವ ಅನುಕೂಲವನ್ನು ಕಾಯ್ದೆಯ 12ನೆಯ ಸೆಕ್ಷನ್ ಕೊಟ್ಟಿದೆ. ಆದರೆ ಇಲ್ಲೊಂದು ಸೂಕ್ಷ್ಮವಿದೆ. ನಕಲಿಗಾಗಿ ಅರ್ಜಿ ಹಾಕಿದ ದಿನದಿಂದ ಮಾತ್ರ ಈ ಅನುಕೂಲ ದೊರೆಯುತ್ತದೆ. ಅರ್ಜಿ ಹಾಕುವ ಮೊದಲು ಡಿಕ್ರಿ ತಯಾರಿಸಲು ನ್ಯಾಯಾಲಯ ತೆಗೆದುಕೊಂಡ ಸಮಯವನ್ನು ಕಳೆಯಲಾಗದೆಂದು ಅದೇ ಸೆಕ್ಷನ್ನಿನ ವಿವರಣೆ ಸ್ಪಷ್ಟವಾಗಿ ಹೇಳುತ್ತದೆ. ಜೂನ್ 1ರಂದು ತೀರ್ಪು ಬಂತೆಂದು ಭಾವಿಸೋಣ. ಜೂನ್ 5ರಂದು ಅರ್ಜಿ ಹಾಕಿ, 20ರಂದು ನಕಲು ಸಿದ್ಧವಾದರೆ ಆ ನಡುವಿನ ದಿನಗಳು ಲೆಕ್ಕಕ್ಕೆ ಬಾರದೆ ಗಡುವು ಜುಲೈ ಮಧ್ಯದವರೆಗೆ ಮುಂದೆ ಹೋಗುತ್ತದೆ. ಜೂನ್ 29ರಂದು ಅರ್ಜಿ ಹಾಕಿದವನಿಗೆ, ನಕಲು ಕೈಗೆ ಬಂದ ಮೇಲೆ ಉಳಿಯುವುದು ಎರಡು-ಮೂರು ದಿನ ಮಾತ್ರ. 30 ದಿನಗಳು ಮುಗಿದ ಬಳಿಕ ಅರ್ಜಿ ಹಾಕಿದವನಿಗೆ ಈ ಸೆಕ್ಷನ್ನಿನಿಂದ ಯಾವ ಪ್ರಯೋಜನವೂ ಇಲ್ಲ. ಇನ್ನು, ಎಣಿಕೆ ಮತ್ತೆ ಆರಂಭವಾಗುವುದು ನಕಲು ಸಿದ್ಧವಾದಾಗಲೇ ಹೊರತು ನಾವು ಬಿಡುವು ಮಾಡಿಕೊಂಡು ಹೋಗಿ ಪಡೆದಾಗ ಅಲ್ಲ. ಆದುದರಿಂದ ಮೇಲ್ಮನವಿ ಸಲ್ಲಿಸಬೇಕೋ ಬೇಡವೋ ಎಂಬ ತೀರ್ಮಾನ ನಂತರ ಆಗಲಿ, ನಕಲಿನ ಅರ್ಜಿ ಮಾತ್ರ ತೀರ್ಪಿನ ದಿನವೇ ಬೀಳಬೇಕು. ಅದಕ್ಕೆ ತಗಲುವ ವೆಚ್ಚ ಅಲ್ಪ. ಅದನ್ನು ಹಾಕದಿದ್ದರೆ ಆಗುವ ನಷ್ಟ ಇಡೀ ಜಮೀನು.

“ತಡವಾದರೇನಂತೆ, ವಿಳಂಬ ಮನ್ನಾ ಮಾಡಿಸೋಣ” ಎಂದು ಧೈರ್ಯ ಹೇಳುವವರು ನಮ್ಮ ಊರುಗಳಲ್ಲಿ ಧಾರಾಳವಾಗಿದ್ದಾರೆ. ಕಾಲಮಿತಿ ಕಾಯ್ದೆಯ 5ನೆಯ ಸೆಕ್ಷನ್ ಅಂತಹ ಅವಕಾಶವನ್ನು ಕೊಟ್ಟಿರುವುದು ನಿಜ. ಆದರೆ ಅದು ತಾನಾಗಿ ದೊರೆಯುವ ಹಕ್ಕಲ್ಲ. ತಡವಾದುದಕ್ಕೆ ‘ಸಾಕಷ್ಟು ಕಾರಣ’ವನ್ನು ಪ್ರಮಾಣಪತ್ರದ ಮೂಲಕ ತೋರಿಸಬೇಕು. 1987ರಲ್ಲಿ ಅನಂತನಾಗ್‌ನ ಭೂಸ್ವಾಧೀನ ಪ್ರಕರಣವೊಂದರಲ್ಲಿ ನಾಲ್ಕು ದಿನಗಳ ವಿಳಂಬವನ್ನು ಮನ್ನಿಸಿದ ಸುಪ್ರೀಂ ಕೋರ್ಟ್, ಇಂತಹ ವಿಷಯಗಳಲ್ಲಿ ಉದಾರ ದೃಷ್ಟಿ ಇರಬೇಕೆಂದು ಕೆಳ ನ್ಯಾಯಾಲಯಗಳಿಗೆ ತಿಳಿಹೇಳಿತು. ಆದರೆ ಉದಾರತೆಗೂ ಒಂದು ಮಿತಿಯಿದೆ. ನಮ್ಮ ಗುಲ್ಬರ್ಗಾ ಪೀಠದಿಂದಲೇ ದೆಹಲಿಗೆ ಹೋದ ಬಸವರಾಜ್ ಮತ್ತು ವಿಶೇಷ ಭೂಸ್ವಾಧೀನಾಧಿಕಾರಿ ನಡುವಣ ಪ್ರಕರಣವನ್ನು ಈ ಭಾಗದ ಪ್ರತಿಯೊಬ್ಬ ಭೂಮಾಲೀಕನೂ ತಿಳಿದಿರಬೇಕು. ಭೂಸ್ವಾಧೀನದ ಪರಿಹಾರಕ್ಕೆ ಸಂಬಂಧಿಸಿದ ಮೇಲ್ಮನವಿಗಳು ಐದೂವರೆ ವರ್ಷ ತಡವಾಗಿ ಸಲ್ಲಿಕೆಯಾಗಿದ್ದವು. ಹೈಕೋರ್ಟ್ ವಿಳಂಬವನ್ನು ಮನ್ನಿಸಲಿಲ್ಲ. 2013ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಕೂಡ ಅದನ್ನೇ ಎತ್ತಿಹಿಡಿಯಿತು. ಬೇರೆಯವರಿಗೆ ದೊರೆತ ಲಾಭ ತಮಗೂ ಸಿಗಬೇಕೆಂಬ ವಾದ, ಕಾರಣವಿಲ್ಲದ ವಿಳಂಬವನ್ನು ಅಳಿಸಲಾರದು ಎಂದಿತು. 2024ರ ಏಪ್ರಿಲ್‌ನಲ್ಲಿ ಆಂಧ್ರದ ಭೂಸ್ವಾಧೀನ ಪ್ರಕರಣವೊಂದರಲ್ಲಿ, ಮೃತ ಭೂಮಾಲೀಕರ ವಾರಸುದಾರರು 5,659 ದಿನ ತಡವಾಗಿ ಸಲ್ಲಿಸಿದ ಮೇಲ್ಮನವಿಗೂ ಅದೇ ಗತಿಯಾಯಿತು. ಈ ಎರಡು ಪ್ರಕರಣಗಳಲ್ಲೂ ಸಿಗಬೇಕಾದ ಪರಿಹಾರ ಎಷ್ಟೆಂಬ ಮೂಲ ಪ್ರಶ್ನೆಗೆ ಉತ್ತರ ಸಿಗಲಿಲ್ಲ. ಆ ಪ್ರಶ್ನೆ ಕೇಳುವ ಹಂತವೇ ಬರಲಿಲ್ಲ.

ತಡವಾಗಿ ಸಲ್ಲಿಸಿದವರಿಗೆ ಇನ್ನೊಂದು ಸಂಕಟವಿದೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಯ ಜಾರಿ ನಿಲ್ಲುವುದಿಲ್ಲ. ತಡೆಯಾಜ್ಞೆಯನ್ನು ಪ್ರತ್ಯೇಕವಾಗಿ ಕೇಳಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೆಯ ಆದೇಶದ 3ಎ ನಿಯಮದ ಪ್ರಕಾರ, ಗಡುವು ಮೀರಿ ಬಂದ ಮೇಲ್ಮನವಿಯನ್ನು ವಿಚಾರಣೆಗೆ ತೆಗೆದುಕೊಳ್ಳುವುದೆಂದು ನ್ಯಾಯಾಲಯ ತೀರ್ಮಾನಿಸುವ ತನಕ ತಡೆಯಾಜ್ಞೆಯನ್ನೂ ಕೊಡುವಂತಿಲ್ಲ. ಅಂದರೆ, ನಾವು ವಿಳಂಬಕ್ಕೆ ಕಾರಣ ಹೇಳುತ್ತಿರುವಾಗಲೇ ಎದುರು ಪಕ್ಷದವರು ಅಮೀನನನ್ನು ಕರೆತಂದು ಮನೆಯ ಸ್ವಾಧೀನ ಪಡೆಯಬಹುದು.

ಮೂರನೆಯದು, ಮತ್ತು ನಮ್ಮ ಸಮುದಾಯ ಅತ್ಯಂತ ಗಂಭೀರವಾಗಿ ಚಿಂತಿಸಬೇಕಾದುದು, ವಾರಸುದಾರರ ವಿಷಯ. ಸಿವಿಲ್ ಮೇಲ್ಮನವಿಗಳು ವರ್ಷಗಟ್ಟಲೆ ನಡೆಯುತ್ತವೆ. ಈ ನಡುವೆ ಪಕ್ಷಗಾರರು ಮರಣ ಹೊಂದುವುದು ಸಹಜ. ಹೀಗಾದಾಗ 90 ದಿನಗಳೊಳಗೆ ಮೃತರ ವಾರಸುದಾರರನ್ನು ದಾಖಲೆಗೆ ತರಬೇಕು. ತಪ್ಪಿದರೆ ಮೃತರಿಗೆ ಸಂಬಂಧಿಸಿದಂತೆ ಮೇಲ್ಮನವಿ ತಾನಾಗಿಯೇ ರದ್ದಾಗುತ್ತದೆ. ಅದನ್ನು ತೆರವುಗೊಳಿಸಲು ಮತ್ತೆ 60 ದಿನಗಳ ಅವಕಾಶವಿದೆ. ಅದೂ ಮೀರಿದರೆ ಪುನಃ ವಿಳಂಬ ಮನ್ನಾದ ಅರ್ಜಿ. ನಮ್ಮ ಕಡೆಯವರು ತೀರಿಕೊಂಡರೆ ಮಾತ್ರವಲ್ಲ, ಎದುರು ಪಕ್ಷದವರು ತೀರಿಕೊಂಡರೂ ಅವರ ವಾರಸುದಾರರ ಹೆಸರು ತರುವ ಹೊಣೆ ಮೇಲ್ಮನವಿದಾರರದ್ದೇ. ಪಂಜಾಬ್ ಸರಕಾರ ಮತ್ತು ನಾಥೂರಾಮ್ ನಡುವಣ ಪ್ರಕರಣದಲ್ಲಿ ಇಬ್ಬರು ಸಹೋದರರಿಗೆ ಒಟ್ಟಾಗಿ ಭೂಪರಿಹಾರ ಮಂಜೂರಾಗಿತ್ತು. ಸರಕಾರ ಮೇಲ್ಮನವಿ ಸಲ್ಲಿಸಿತು. ಒಬ್ಬ ಸಹೋದರ ತೀರಿಕೊಂಡಾಗ ಅವನ ವಾರಸುದಾರರನ್ನು ದಾಖಲೆಗೆ ತರಲಿಲ್ಲ. ಪರಿಹಾರ ಜಂಟಿಯಾಗಿದ್ದುದರಿಂದ ಬದುಕಿದ್ದ ಸಹೋದರನ ವಿರುದ್ಧವೂ ಮೇಲ್ಮನವಿ ನಡೆಯದೆಂದು ಸುಪ್ರೀಂ ಕೋರ್ಟ್ ಹೇಳಿತು. ಕಾರ್ಯವಿಧಾನ ತಪ್ಪಿದರೆ ಸರಕಾರವೂ ಸೋಲುತ್ತದೆ. ಹಾಗಿರುವಾಗ ಜೇವರ್ಗಿಯ ಒಬ್ಬ ವಿಧವೆಯ ಗತಿಯೇನು?

ಇಲ್ಲಿಯೇ ನಮ್ಮ ಒಂದು ಹಳೆಯ ದುರಭ್ಯಾಸ ನಮ್ಮನ್ನೇ ತಿನ್ನುತ್ತಿದೆ. ತಂದೆ ತೀರಿಕೊಂಡಾಗ ವಂಶವೃಕ್ಷದಲ್ಲಿ ಗಂಡುಮಕ್ಕಳ ಹೆಸರನ್ನಷ್ಟೇ ಬರೆಯಿಸಿ, ಮದುವೆಯಾಗಿ ಹೋದ ಹೆಣ್ಣುಮಕ್ಕಳ ಹೆಸರನ್ನು ಬಿಟ್ಟುಬಿಡುವ ಪದ್ಧತಿ ಎಷ್ಟು ಮನೆಗಳಲ್ಲಿಲ್ಲ? ಕುರ್‌ಆನ್ ಸೂರಃ ಅನ್ನಿಸಾದಲ್ಲಿ ಪತ್ನಿ, ತಾಯಿ, ಮಗಳು ಇವರೆಲ್ಲರ ಪಾಲನ್ನು ಸ್ಪಷ್ಟವಾಗಿ ನಿಗದಿಪಡಿಸಿದೆ. ಅವರನ್ನು ಕಾಗದದಿಂದ ಅಳಿಸಿದವನು ಮೊದಲು ಅಲ್ಲಾಹನ ಮುಂದೆ ಅಪರಾಧಿ. ಅವನು ತನ್ನ ವ್ಯಾಜ್ಯಕ್ಕೂ ತಾನೇ ಕುತ್ತು ತಂದುಕೊಳ್ಳುತ್ತಾನೆ. ಏಕೆಂದರೆ ವಾರಸುದಾರರ ಪಟ್ಟಿ ಅಪೂರ್ಣವೆಂದು ಎದುರಿನ ವಕೀಲರು ಎದ್ದು ನಿಂತರೆ, ಹತ್ತು ವರ್ಷ ನಡೆಸಿದ ಮೇಲ್ಮನವಿ ಆ ಒಂದು ತಕರಾರಿನ ಸುತ್ತಲೇ ತಿರುಗತೊಡಗುತ್ತದೆ. ತಂಗಿಗೆ ಮಾಡಿದ ಅನ್ಯಾಯ ಅಣ್ಣನ ದಾವೆಗೇ ಮುಳುವಾಗುತ್ತದೆ.

ಪಾಲಿನ ದಾವೆಗಳಲ್ಲಿ ಇನ್ನೊಂದು ನಿಯಮ ಹೆಣ್ಣುಮಕ್ಕಳನ್ನು ವಿಶೇಷವಾಗಿ ಬಾಧಿಸುತ್ತದೆ. ನ್ಯಾಯಾಲಯ ಮೊದಲು ಯಾರಿಗೆ ಎಷ್ಟು ಪಾಲೆಂದು ಪ್ರಾಥಮಿಕ ಡಿಕ್ರಿಯಲ್ಲಿ ಹೇಳುತ್ತದೆ. ಜಮೀನನ್ನು ಅಳೆದು ಹಂಚುವುದು ಅಂತಿಮ ಡಿಕ್ರಿಯಲ್ಲಿ. ಪ್ರಾಥಮಿಕ ಡಿಕ್ರಿಯಲ್ಲಿ ತನಗೆ ಕಡಿಮೆ ಪಾಲು ಬಂದಿದೆಯೆಂದು ಅನಿಸಿದರೆ ಆಗಲೇ ಮೇಲ್ಮನವಿ ಸಲ್ಲಿಸಬೇಕು. “ಇದಿನ್ನೂ ಕೊನೆಯ ತೀರ್ಪಲ್ಲ, ಕೊನೆಗೆ ನೋಡೋಣ” ಎಂದು ಕಾದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 97ನೆಯ ಸೆಕ್ಷನ್ ಪ್ರಕಾರ ಅಂತಿಮ ಡಿಕ್ರಿಯ ಮೇಲ್ಮನವಿಯಲ್ಲಿ ಪ್ರಾಥಮಿಕ ಡಿಕ್ರಿಯನ್ನು ಪ್ರಶ್ನಿಸುವಂತಿಲ್ಲ. ಅದೇ ರೀತಿ, ಪಕ್ಷಗಾರರು ಒಪ್ಪಿ ಮಾಡಿಕೊಂಡ ರಾಜಿ ಡಿಕ್ರಿಯ ಮೇಲೂ ಲೋಕ ಅದಾಲತ್ತಿನ ತೀರ್ಪಿನ ಮೇಲೂ ಮೇಲ್ಮನವಿಗೆ ಅವಕಾಶವಿಲ್ಲ. ರಾಜಿ ಒಳ್ಳೆಯದು, ಧರ್ಮವೂ ಅದನ್ನೇ ಮೆಚ್ಚುತ್ತದೆ. ಆದರೆ ಓದಿ ಹೇಳದೆ ಸಹೋದರಿಯ ಹೆಬ್ಬೆಟ್ಟು ಒತ್ತಿಸಿಕೊಂಡ ಕಾಗದ ರಾಜಿಯಲ್ಲ, ವಂಚನೆ. ಸಹಿ ಹಾಕುವ ಮೊದಲು ಅದರಲ್ಲಿ ಏನಿದೆಯೆಂದು ಮೂರನೆಯವರೊಬ್ಬರಿಂದ ಓದಿಸಿ ಕೇಳುವ ಹಕ್ಕು ಆಕೆಗಿದೆ. ಅದನ್ನು ಹೇಳಿಕೊಡಬೇಕಾದವರು ನಾವು.

ಸರಿ, ತಪ್ಪು ವಕೀಲರದ್ದಾದರೆ? ವಿಚಾರಣೆಯ ದಿನ ಮೇಲ್ಮನವಿದಾರರ ಪರವಾಗಿ ಯಾರೂ ಹಾಜರಾಗದಿದ್ದರೆ ನ್ಯಾಯಾಲಯ ಮೇಲ್ಮನವಿಯನ್ನು ವಜಾ ಮಾಡಬಹುದು. ಅದನ್ನು ಮತ್ತೆ ದಾಖಲು ಮಾಡಿಸಲು 30 ದಿನಗಳೊಳಗೆ ಅರ್ಜಿ ಹಾಕಬೇಕು. 1981ರಲ್ಲಿ ರಫೀಕ್ ಮತ್ತು ಮುನ್ಷಿಲಾಲ್ ನಡುವಣ ಪ್ರಕರಣದಲ್ಲಿ, ವಕೀಲರ ಗೈರುಹಾಜರಿಯಿಂದಾಗಿ ಅಲಹಾಬಾದ್ ಹೈಕೋರ್ಟಿನಲ್ಲಿ ವಜಾ ಆದ ಮೇಲ್ಮನವಿಗೆ ಸುಪ್ರೀಂ ಕೋರ್ಟ್ ಮರುಜೀವ ನೀಡಿತು. ವಕೀಲರನ್ನು ನೇಮಿಸಿ, ಶುಲ್ಕ ಕೊಟ್ಟು ನಂಬಿಕೊಂಡ ಹಳ್ಳಿಗನೊಬ್ಬ ಅವರ ಲೋಪಕ್ಕೆ ಬಲಿಯಾಗಬಾರದೆಂಬುದು ಅದರ ಸಾರ. ಖರ್ಚಿನ 200 ರೂಪಾಯಿಯನ್ನೂ ಗೈರುಹಾಜರಾದ ವಕೀಲರಿಂದಲೇ ವಸೂಲು ಮಾಡಲು ಆದೇಶಿಸಿತು. ಆದರೆ 1993ರಲ್ಲಿ ಸಲೀಲ್ ದತ್ತ ಪ್ರಕರಣದಲ್ಲಿ ಅದೇ ನ್ಯಾಯಾಲಯ, ಎಲ್ಲ ಹೊಣೆಯನ್ನೂ ವಕೀಲರ ಮೇಲೆ ಹೊರಿಸಿ ಪಕ್ಷಗಾರರು ಕೈತೊಳೆದುಕೊಳ್ಳುವುದನ್ನು ಸಾರ್ವತ್ರಿಕ ನಿಯಮವಾಗಿ ಒಪ್ಪಲಾಗದೆಂದು ಎಚ್ಚರಿಸಿತು. ರಫೀಕ್ ಪ್ರಕರಣದ ಕರುಣೆಯನ್ನು ನೆಚ್ಚಿಕೊಂಡು ಮಲಗುವುದು ಜಾಣತನವಲ್ಲ.

ವೈಯಕ್ತಿಕ ಆಸ್ತಿಯ ಮಾತು ಹಾಗಿರಲಿ, ಸಮುದಾಯದ ಆಸ್ತಿಯ ವಿಷಯದಲ್ಲೂ ಈಗ ನಿದ್ರಿಸುವಂತಿಲ್ಲ. 1995ರ ವಕ್ಫ್ ಕಾಯ್ದೆಯ 107ನೆಯ ಸೆಕ್ಷನ್, ವಕ್ಫ್ ಸ್ಥಿರಾಸ್ತಿಯ ಸ್ವಾಧೀನಕ್ಕಾಗಿ ಹೂಡುವ ದಾವೆಗಳಿಗೆ ಕಾಲಮಿತಿ ಅನ್ವಯಿಸದಂತೆ ರಕ್ಷಣೆ ನೀಡಿತ್ತು. 2025ರ ತಿದ್ದುಪಡಿ ಅದನ್ನು ಕಿತ್ತುಹಾಕಿತು. ಅದೇ ವರ್ಷದ ಸೆಪ್ಟೆಂಬರ್ 15ರ ಮಧ್ಯಂತರ ಆದೇಶದಲ್ಲಿ ಸುಪ್ರೀಂ ಕೋರ್ಟ್ ತಿದ್ದುಪಡಿಯ ಕೆಲವು ಅಂಶಗಳಿಗೆ ತಡೆ ನೀಡಿದರೂ ಈ ಅಂಶಕ್ಕೆ ನೀಡಲಿಲ್ಲ. ವಕ್ಫ್ ಟ್ರಿಬ್ಯೂನಲ್ಲಿನ ಆದೇಶದ ವಿರುದ್ಧ ಹೈಕೋರ್ಟಿಗೆ 90 ದಿನಗಳೊಳಗೆ ಮೇಲ್ಮನವಿ ಸಲ್ಲಿಸುವ ಅವಕಾಶವನ್ನೂ ಅದೇ ತಿದ್ದುಪಡಿ ತಂದಿತು. ತಿದ್ದುಪಡಿಯನ್ನು ವಿರೋಧಿಸುವ ಹಕ್ಕು ನಮಗಿದೆ, ವಿರೋಧಿಸಲೂ ಬೇಕು. ಆದರೆ ವಿರೋಧದ ಸಭೆಯಲ್ಲಿ ಘೋಷಣೆ ಕೂಗಿದ ಮುತವಲ್ಲಿಯು ತನ್ನ ಮಸೀದಿಯ ಕಬರಸ್ತಾನದ ಪ್ರಕರಣದಲ್ಲಿ 90 ದಿನಗಳನ್ನು ಎಣಿಸದೇ ಇದ್ದರೆ, ಆ ಆಸ್ತಿಯನ್ನು ಯಾವ ಘೋಷಣೆಯೂ ಮರಳಿ ತರಲಾರದು.

ಹಾಗಾದರೆ ಈ ಗಡುವುಗಳೆಲ್ಲ ಬಡವರ ಮೇಲಿನ ದೌರ್ಜನ್ಯವೇ? ನಾವು ಹಾಗೆ ಭಾವಿಸುವುದಿಲ್ಲ. ಗೆದ್ದ ಪಕ್ಷದಲ್ಲೂ ಒಂದು ಬಡ ಕುಟುಂಬವಿರಬಹುದು. ಯಾವುದೋ ಒಂದು ದಿನ ವ್ಯಾಜ್ಯ ಮುಗಿಯಿತೆಂದು ಆ ಕುಟುಂಬವೂ ನೆಮ್ಮದಿಯಿಂದ ಮಲಗಬೇಕು. ಗಡುವೇ ಇಲ್ಲದಿದ್ದರೆ ಲಾಭವಾಗುವುದು ಹಣವಿದ್ದು ತಲೆಮಾರುಗಟ್ಟಲೆ ಕೋರ್ಟು ಅಲೆಯಬಲ್ಲವರಿಗೆ ಮಾತ್ರ. ಸಾಲದ ವ್ಯವಹಾರವನ್ನು ಅವಧಿಸಹಿತ ಬರೆದಿಡಬೇಕು, ಅದು ಚಿಕ್ಕದೆಂದು ಉದಾಸೀನ ಮಾಡಬಾರದೆಂದು ಕುರ್‌ಆನಿನ ಸೂರಃ ಅಲ್ ಬಕರದ 282ನೆಯ ಸೂಕ್ತ ಬೋಧಿಸುತ್ತದೆ. ಅವಧಿ, ಬರಹ, ಸಾಕ್ಷಿ ಇವುಗಳಿಗೆ ಇಷ್ಟು ಮಹತ್ವ ಕೊಟ್ಟ ಗ್ರಂಥವನ್ನು ದಿನವೂ ಓದುವ ಸಮುದಾಯ ಮುದ್ದತ್ತಿನ ವಿಷಯದಲ್ಲಿ ಇಷ್ಟು ನಿರ್ಲಕ್ಷ್ಯ ತೋರುವುದು ಸೋಜಿಗದ ಸಂಗತಿ.

ಆದರೆ ಹೊಣೆಯೆಲ್ಲ ಪಕ್ಷಗಾರರದ್ದೇ ಎಂದು ಹೇಳಿ ವ್ಯವಸ್ಥೆಯನ್ನು ಬಿಟ್ಟುಬಿಡುವುದೂ ನ್ಯಾಯವಲ್ಲ. ಗಡುವು ಕಟ್ಟುನಿಟ್ಟಾಗಿರಬೇಕಾದರೆ ಅದರ ತಿಳುವಳಿಕೆಯೂ ಎಲ್ಲರಿಗೂ ತಲುಪಬೇಕು. ಸೋತ ಪಕ್ಷಗಾರನಿಗೆ, ಅವನಿಗೆ ತಿಳಿಯುವ ಭಾಷೆಯಲ್ಲಿ, ಮೇಲ್ಮನವಿ ಎಲ್ಲಿಗೆ, ಎಷ್ಟು ದಿನಗಳೊಳಗೆ ಎಂಬುದನ್ನು ತೀರ್ಪಿನ ಕೊನೆಯಲ್ಲಿಯೇ ಒಂದೆರಡು ಸಾಲುಗಳಲ್ಲಿ ಮುದ್ರಿಸಿ ಕೊಟ್ಟರೆ ಸರಕಾರಕ್ಕೆ ಆಗುವ ನಷ್ಟವೇನು? ವಿದ್ಯುತ್ ಬಿಲ್ಲಿನ ಮೇಲೆ ಪಾವತಿಯ ಕೊನೆಯ ದಿನಾಂಕ ಇರುತ್ತದೆ. ಮನೆಯನ್ನೇ ಕಳೆದುಕೊಳ್ಳುವ ತೀರ್ಪಿನ ಮೇಲೆ ಏಕಿರಬಾರದು? ವಕೀಲರ ಸಂಘಗಳೂ ಇದನ್ನು ಯೋಚಿಸಬೇಕು. ಪ್ರಕರಣ ಸೋತ ದಿನ ಕಕ್ಷಿದಾರನಿಗೆ ಗಡುವನ್ನು ಲಿಖಿತವಾಗಿ ತಿಳಿಸುವುದು ಉಪಕಾರವಲ್ಲ, ವೃತ್ತಿಯ ಕರ್ತವ್ಯ.

ಇನ್ನು ನಮ್ಮಿಂದ ಆಗಬೇಕಾದ ಕೆಲಸ. ಪ್ರತಿಯೊಂದು ಮನೆಯಲ್ಲೂ ವ್ಯಾಜ್ಯದ ಕಾಗದಗಳಿಗೆ ಒಂದು ಪ್ರತ್ಯೇಕ ಕಡತವಿರಲಿ. ಅದರಲ್ಲಿ ಪ್ರಕರಣದ ಸಂಖ್ಯೆ, ವಕೀಲರ ದೂರವಾಣಿ, ಮುಂದಿನ ತಾರೀಖು ಬರೆದಿರಲಿ. ಪ್ರತಿ ಪ್ರಕರಣಕ್ಕೂ 16 ಅಕ್ಷರಾಂಕಿಗಳ ಸಿಎನ್‌ಆರ್ ಸಂಖ್ಯೆಯಿರುತ್ತದೆ. ಅದನ್ನು ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿದರೆ ಪುಣೆಯಲ್ಲಿ ದುಡಿಯುವ ಮಗನಿಗೂ ಮುಂದಿನ ತಾರೀಖು ತಿಳಿಯುತ್ತದೆ. ಮೊಬೈಲಿನಲ್ಲಿ ಗಂಟೆಗಟ್ಟಲೆ ಕಳೆಯುವ ನಮ್ಮ ಯುವಕರು ತಿಂಗಳಿಗೆ ಐದು ನಿಮಿಷವನ್ನು ಇದಕ್ಕೆ ಕೊಡಲಾರರೇ? ಪಕ್ಷಗಾರರಲ್ಲಿ ಯಾರೇ ತೀರಿಕೊಂಡರೂ, ದುಃಖದ ದಿನಗಳು ಕಳೆದ ಕೂಡಲೇ ಮರಣ ಪ್ರಮಾಣಪತ್ರದೊಂದಿಗೆ ವಕೀಲರಿಗೆ ತಿಳಿಸಬೇಕು. ವಾರಸುದಾರರ ಪಟ್ಟಿಯಲ್ಲಿ ಹೆಣ್ಣುಮಕ್ಕಳ ಹೆಸರು ಇದೆಯೇ ಎಂದು ಮನೆಯ ಹಿರಿಯರೇ ನೋಡಬೇಕು.

ಹಣವಿಲ್ಲವೆಂಬ ಕಾರಣಕ್ಕೆ ಗಡುವು ಮೀರುವ ಅಗತ್ಯವೂ ಇಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಮಹಿಳೆಯರಿಗೆ, ಅವರ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ಕಡಿಮೆ ಆದಾಯದ ಪುರುಷರಿಗೂ ಇದೆ. ಅದಕ್ಕಾಗಿ ತಾಲೂಕು ಕಾನೂನು ಸೇವಾ ಸಮಿತಿಯನ್ನು ಕಾಣಬಹುದು, 15100 ಸಂಖ್ಯೆಗೆ ಕರೆ ಮಾಡಬಹುದು. ನ್ಯಾಯಾಲಯದ ಶುಲ್ಕ ಕಟ್ಟಲಾಗದವರು ನಿರ್ಗತಿಕರೆಂದು ಮೇಲ್ಮನವಿ ಸಲ್ಲಿಸಲು ಅನುಮತಿ ಕೇಳಬಹುದು. ಆದರೆ ಅದಕ್ಕೂ ಗಡುವಿದೆಯೆಂಬುದನ್ನು ಮರೆಯಬಾರದು. ಜಿಲ್ಲಾ ನ್ಯಾಯಾಲಯದಂತಹ ಕಡೆ 30 ದಿನ, ಹೈಕೋರ್ಟಿನಲ್ಲಿ 60 ದಿನ.

ಆಳಂದ, ಅಫಜಲಪುರ, ಜೇವರ್ಗಿ ಪಟ್ಟಣಗಳ ಮಸೀದಿ ಜಮಾಅತ್‌ಗಳು ಮನಸ್ಸು ಮಾಡಿದರೆ ದೊಡ್ಡ ಖರ್ಚಿಲ್ಲದೆ ಒಂದು ಕೆಲಸ ಮಾಡಬಹುದು. ತಿಂಗಳಿಗೊಂದು ಜುಮಾದ ನಂತರ ಅರ್ಧ ಗಂಟೆ, ಕಾನೂನು ಬಲ್ಲವರೊಬ್ಬರನ್ನು ಕೂರಿಸಿ, ವ್ಯಾಜ್ಯವಿರುವ ಕುಟುಂಬಗಳ ಕಾಗದಗಳನ್ನು ನೋಡಿ ಅವುಗಳ ಗಡುವನ್ನು ಬರೆದುಕೊಡಲಿ. ಮಹಿಳೆಯರು ಬಂದು ಕೇಳುವುದಕ್ಕೆ ಅಲ್ಲಿ ಅನುಕೂಲವಿರಲಿ. ಪರಿಸರದ ಹಿಂದೂ ಸಹೋದರರಿಗೂ ಅದು ತೆರೆದಿರಲಿ. ಮುದ್ದತ್ತಿಗೆ ಜಾತಿ-ಧರ್ಮದ ಭೇದವಿಲ್ಲ, ನೆರವಿಗೂ ಇರಬಾರದು.

ತೀರ್ಪು ನಮ್ಮ ಕೈಯಲ್ಲಿಲ್ಲ, ಅದನ್ನು ನ್ಯಾಯಾಧೀಶರು ಬರೆಯುತ್ತಾರೆ. ತೀರ್ಪಿನ ನಂತರದ 30 ದಿನಗಳು ಮಾತ್ರ ನಮ್ಮ ಕೈಯಲ್ಲಿವೆ. ಅವು ನಮಗಷ್ಟೇ ಸೇರಿದವಲ್ಲ. ಮನೆಯ ವಿಧವೆಯರಿಗೆ, ಹೆಣ್ಣುಮಕ್ಕಳಿಗೆ, ಇನ್ನೂ ಹುಟ್ಟದ ಮಕ್ಕಳಿಗೆ ಸೇರಿದ ಅಮಾನತು ಅದು. ಅಮಾನತನ್ನು ಕಾಯದವನು ನಂತರ ವ್ಯವಸ್ಥೆಯನ್ನು ದೂರಿದರೆ ಕೇಳುವವರು ಯಾರು?